ಮೂಲೆಯ ಕಂಪ್ಯೂಟರಿನ ಒಂದೇ ನಿನ್ನೆ

ನಾನು ಒಂದು ಕಂಪ್ಯೂಟರ್. ಹುಟ್ಟಿದ್ದು ಒಂದು ಉದ್ದನೆಯ ಮೇಜಿನ ಮೇಲೆ. ಕೈಗವಸು ತೊಟ್ಟ ಕೈಗಳು ಒಂದಾದ ಮೇಲೊಂದು ಬಂದು ನನ್ನೊಳಗೆ ಏನನ್ನೋ ಕೂರಿಸಿ ಮುಂದಕ್ಕೆ ದಾಟಿಸಿದವು. ಒಂದು ಕೈ ಫ್ಯಾನು ಇಟ್ಟಿತು, ಒಂದು ತಂತಿ ಸಿಕ್ಕಿಸಿತು, ಕೊನೆಯದು ಪಕ್ಕದ ತಗಡು ಮುಚ್ಚಿ ತಿರುಪು ಬಿಗಿಯಿತು. ಯಾರ ಮುಖವನ್ನೂ ನಾನು ಕಾಣಲಿಲ್ಲ. ಆಮೇಲೆ ಕತ್ತಲೆ, ಥರ್ಮಾಕೋಲಿನ ಕಿರಿಕಿರಿ, ಲಾರಿಯ ಕುಲುಕಾಟ. ಆ ಕತ್ತಲೆ ಮುಗಿಯುವ ಮುಂಚೆ ಒಂದು ಸದ್ದು ಕೇಳಿಸಿತು. ಯಾರೋ ಪೆಟ್ಟಿಗೆಯ ಅಂಟುಪಟ್ಟಿಯನ್ನು ಹರಿಯದೆ, ಅದರ ಅಂಚು ಹುಡುಕಿ, ಮೆಲ್ಲಗೆ ಬಿಡಿಸುತ್ತಿದ್ದರು.

ಅವರೇ ಇಂದುಧರ ಹಿರೇಮಠ. ಹತ್ತಿ ವ್ಯಾಪಾರದ ಆ ತಾಲ್ಲೂಕು ಊರಿನ ಗ್ರಂಥಾಲಯದಲ್ಲಿ ಕಂಪ್ಯೂಟರ್ ಕೋಣೆಯನ್ನು ನೋಡಿಕೊಳ್ಳುವವರು. ನನ್ನನ್ನು ಎತ್ತಿ ಕಿಟಕಿಯ ಪಕ್ಕದ ಮೂಲೆಯ ಮೇಜಿನ ಮೇಲೆ ಇಟ್ಟರು. ನನ್ನ ಜೊತೆಗೆ ಬಂದ ಉಳಿದ ಏಳನ್ನು ಗೋಡೆಯುದ್ದಕ್ಕೆ ಸಾಲಾಗಿ ಇಟ್ಟರು. ಅಷ್ಟೂ ಕೆಲಸವನ್ನು ಅವರು ಒಂದು ಮಾತಿಲ್ಲದೆ ಮಾಡಿದರು. ಮುಗಿದ ಮೇಲೆ ಕೈ ಒರೆಸಿಕೊಂಡು, ನಮ್ಮನ್ನೆಲ್ಲ ಒಮ್ಮೆ ನೋಡಿ, ಬಾಗಿಲು ಹಾಕಿಕೊಂಡು ಹೋದರು.

ಗ್ರಂಥಾಲಯದ ಕಂಪ್ಯೂಟರಿಗೆ ಒಬ್ಬ ಯಜಮಾನನಿರುವುದಿಲ್ಲ. ಗಂಟೆಗೊಬ್ಬರು ಬರುತ್ತಾರೆ, ಕೂರುತ್ತಾರೆ, ಏನೋ ಹುಡುಕುತ್ತಾರೆ, ಏಳುತ್ತಾರೆ. ಕೆಲವರು ನನ್ನಲ್ಲಿ ಕೊಳೆಯನ್ನೂ ಬಿಟ್ಟು ಹೋಗುತ್ತಾರೆ. ಅದಕ್ಕಾಗಿ ಜಿಲ್ಲಾ ಕಚೇರಿಯವರು ನಮ್ಮೆಲ್ಲರೊಳಗೆ ಒಂದು ಸಾಫ್ಟ್‌ವೇರ್ ಹಾಕಿಸಿದ್ದರು. ಅದರ ಕೆಲಸ ಒಂದೇ. ಹಗಲು ಯಾರು ಏನೇ ಬರೆಯಲಿ, ಏನೇ ಕೆಡಿಸಲಿ, ನನ್ನನ್ನು ಆರಿಸಿ ಮತ್ತೆ ಹೊತ್ತಿಸಿದ ಕೂಡಲೇ ಅದನ್ನೆಲ್ಲ ಅಳಿಸಿ, ಮೊದಲು ಹೇಗಿದ್ದೆನೋ ಹಾಗೆ ನಿಲ್ಲಿಸುವುದು. ಇಂದುಧರರು ಅದನ್ನು ಬೀಗ ಎನ್ನುತ್ತಿದ್ದರು. ಬೀಗ ತೆಗೆಯುವ ಪಾಸ್‌ವರ್ಡ್ ಅವರಲ್ಲಿ ಇರಲಿಲ್ಲ. ಅದು ಜಿಲ್ಲಾ ಕಚೇರಿಯಲ್ಲಿತ್ತು.

ಹಾಗಾದರೆ ದಿನವೂ ಮರೆಯುವ ಯಂತ್ರ ತನ್ನ ಕಥೆಯನ್ನು ಹೇಗೆ ಹೇಳುತ್ತದೆ ಎಂದು ನೀವು ಕೇಳಬಹುದು. ಬೀಗ ಬೀಳುವುದು ನನ್ನೊಳಗೆ ತಿರುಗುವ ತಟ್ಟೆಗೆ, ನೀವು ಹಾರ್ಡ್ ಡಿಸ್ಕ್ ಎನ್ನುವುದಕ್ಕೆ, ಮಾತ್ರ. ಮೈಗೆ ಯಾರೂ ಬೀಗ ಹಾಕಲಿಲ್ಲ. ಸವೆದ ಕೀಲಿಗಳು, ಫ್ಯಾನಿನಲ್ಲಿ ಸಿಕ್ಕಿಕೊಂಡ ಹತ್ತಿಯ ಎಳೆ, ಮೇಜಿನ ಮರದಿಂದ ನನ್ನ ತಗಡಿಗೆ ಹತ್ತಿದ ನಡುಕ, ಇವು ಮರುದಿನವೂ ಹಾಗೇ ಇರುತ್ತಿದ್ದವು. ತಟ್ಟೆ ಮರೆತದ್ದನ್ನು ಮೈ ಒಂದಿಷ್ಟು ಇಟ್ಟುಕೊಂಡಿದೆ.

ಆ ಕೋಣೆಯಲ್ಲಿ ಎಲ್ಲ ರೋಗಕ್ಕೂ ಒಂದೇ ಮದ್ದು ಇತ್ತು. ಪರದೆ ನಿಂತಿತೇ, ಅಕ್ಷರ ತಲೆಕೆಳಗಾಯಿತೇ, ಯಾರೋ ಬೇಡದ ಚಿತ್ರ ಅಂಟಿಸಿ ಹೋದರೇ, ಇಂದುಧರರು ಬಂದು ಸ್ವಿಚ್ ಆರಿಸಿ ಹೊತ್ತಿಸುತ್ತಿದ್ದರು. ಅಷ್ಟೇ. ವರ್ಷಗಟ್ಟಲೆ ಹಾಗೆ ಮಾಡಿ ಮಾಡಿ ಅವರ ಕೈಗೆ ಕಣ್ಣು ಬೇಕಾಗುತ್ತಿರಲಿಲ್ಲ. ಯಾರಾದರೂ "ಸರ್" ಎಂದು ಕರೆದರೆ ಕೈ ತಾನೇ ಸ್ವಿಚ್ಚಿನ ಕಡೆ ಹೋಗುತ್ತಿತ್ತು.

ಹತ್ತಿ ಬಿಡಿಸುವ ಜಿನ್ನಿಂಗ್ ಮಿಲ್ಲಿನ ಕೆಲಸದಿಂದ ನಿವೃತ್ತರಾದ ಬಸಲಿಂಗಪ್ಪ ಎಂಬ ಹಿರಿಯರು ದಿನವೂ ಪತ್ರಿಕೆ ಓದಲು ಬಂದು, ಓದಿ ಮುಗಿದರೂ ನಮ್ಮ ಕೋಣೆಯ ಬೆಂಚಿನ ಮೇಲೆ ಕೂತಿರುತ್ತಿದ್ದರು. ಅವರಿಗೆ ಈ ಮದ್ದು ಬಲು ಮೆಚ್ಚಿಕೆ.

"ಹಿರೇಮಠಾ, ಈ ಯಂತ್ರ ಭಾಳ ಪುಣ್ಯಾ ಮಾಡೇತಿ ನೋಡು. ನಿನ್ನಿ ಜಗಳ ಇವತ್ತಿಗೆ ಇರೂದಿಲ್ಲ. ನಮ್ಮನಿಯಾಕಿ ನೋಡು, ಲಗ್ನದಾಗ ನಮ್ಮವ್ವ ಎಂಥಾ ಸೀರಿ ಕೊಟ್ಟಿದ್ಲು ಅನ್ನೂದನ್ನ ಇನ್ನೂ ತಗೀತಾಳ. ಆಕಿಗೂ ಒಂದು ಬೀಗ ಹಾಕಸಿ ಕೊಡೋ."

ಇಂದುಧರರು ನಗುತ್ತಿದ್ದರೋ ಇಲ್ಲವೋ, ತಿಳಿಯುತ್ತಿರಲಿಲ್ಲ. ಉತ್ತರ ಕೊಡುತ್ತಿದ್ದವರು ಕಸ್ತೂರಿ ಟೀಚರ್.

"ಹಾಕಸ್ರಿ ಬಸಲಿಂಗಪ್ಪಾರ. ಆಮ್ಯಾಲ ಹೊತ್ತಿಗೆ ಸರಿಯಾಗಿ ನಿಮ್ಮ ಬಿ.ಪಿ. ಗುಳಿಗಿ ಯಾರು ಕೊಡ್ತಾರ?"

"ಅದೊಂದು ನೆನಪ ಇರೂ ಹಂಗ ಹಾಕ್ಲಿ, ಅಕ್ಕೋರ."

ಕಸ್ತೂರಿ ಮೇಟಿ ಆ ಊರಿನ ಪ್ರಾಥಮಿಕ ಶಾಲೆಯಲ್ಲಿ ಕನ್ನಡ ಕಲಿಸುವವರು. ಕೆಲವು ವರ್ಷಗಳಿಂದ ಅವರ ಕಣ್ಣಿನ ಬೆಳಕು ಅಂಚಿನಿಂದ ಒಳಕ್ಕೆ ಕಡಿಮೆಯಾಗುತ್ತ ಬಂದು, ಕೊನೆಗೆ ಪೂರ್ತಿ ನಿಂತಿತ್ತು. ಪಾಠಗಳು ಬಾಯಿಗೆ ಬರುತ್ತಿದ್ದವು. ಆದರೆ ಪ್ರಶ್ನೆಪತ್ರಿಕೆ ಬರೆಯುವುದು, ಮಕ್ಕಳ ಉತ್ತರ ಓದುವುದು ಆಗುತ್ತಿರಲಿಲ್ಲ. ಇಲಾಖೆಯವರು ಕೆಟ್ಟವರೇನಲ್ಲ. ಕಂಪ್ಯೂಟರಿನ ನೆರವಿನಿಂದ ಈ ಕೆಲಸಗಳನ್ನು ನೀವೇ ಮಾಡಿ ತೋರಿಸಿ, ತೋರಿಸಿದರೆ ತರಗತಿಯಲ್ಲಿ ಉಳಿಯಿರಿ, ಆಗದಿದ್ದರೆ ಶಾಲೆ ಬಿಟ್ಟು ಕಚೇರಿಯಲ್ಲಿ ಕೂರಬೇಕಾಗುತ್ತದೆ ಎಂದಿದ್ದರು. ಸುಮ್ಮನೆ ಕೂರುವುದೆಂದರೆ ಏನೆಂದು ಟೀಚರಿಗೆ ಗೊತ್ತಿತ್ತು. ಅದಕ್ಕೇ ಶಾಲೆ ಬಿಟ್ಟ ಮೇಲೆ ದಿನವೂ ಕಾಂಪೌಂಡ್ ಗೋಡೆಯನ್ನು ಕೈಯಿಂದ ಸವರುತ್ತ ಗ್ರಂಥಾಲಯಕ್ಕೆ ಬರುತ್ತಿದ್ದರು.

ಬಂದವರು ಬಾಗಿಲಲ್ಲಿ ನಿಂತು ಕೇಳುತ್ತಿದ್ದರು: "ಸರ್, ಅದೀರೇನ್ರಿ?"

ಕೇಳದೆ ವಿಧಿಯಿರಲಿಲ್ಲ. ಬಸಲಿಂಗಪ್ಪನವರು ಇದ್ದರೆ ಕೆಮ್ಮಿನಿಂದ ತಿಳಿಯುತ್ತಿತ್ತು. ಇಂದುಧರರು ಇದ್ದರೂ ಇಲ್ಲದಿದ್ದರೂ ಕೋಣೆ ಒಂದೇ ಥರ ಇರುತ್ತಿತ್ತು. ಅವರು ಬಾಯಿಂದ ಉತ್ತರಿಸುತ್ತಿರಲಿಲ್ಲ. ಬೆರಳ ಗೆಣ್ಣಿನಿಂದ ಮೇಜನ್ನು ಎರಡು ಸಲ ತಟ್ಟುತ್ತಿದ್ದರು. ಟಕ್ ಟಕ್. ಟೀಚರ್ ಆ ಸದ್ದಿನ ದಾರಿ ಹಿಡಿದು ನನ್ನ ಮುಂದಿನ ಕುರ್ಚಿಗೆ ಬರುತ್ತಿದ್ದರು. ಅವರು ಸದಾ ನನ್ನ ಮುಂದೆಯೇ ಕೂರುತ್ತಿದ್ದರು, ಏಕೆಂದರೆ ದನಿ ಇದ್ದದ್ದು ನನ್ನಲ್ಲಿ ಮಾತ್ರ.

ಆ ದನಿಯ ವಿಷಯ ಹೇಳಬೇಕು. ಪರದೆಯ ಮೇಲಿನ ಅಕ್ಷರಗಳನ್ನು ಗಟ್ಟಿಯಾಗಿ ಓದಿ ಹೇಳುವ ಒಂದು ಸಾಫ್ಟ್‌ವೇರ್ ಇರುತ್ತದೆ. ಇಂದುಧರರು ಅದನ್ನು ಎಲ್ಲಿಂದಲೋ ತಂದು ನನ್ನಲ್ಲಿ ಹಾಕಿದ್ದರು. ಆದರೆ ಬೀಗ ಅದನ್ನೂ ಬಿಡುತ್ತಿರಲಿಲ್ಲ. ಸಂಜೆ ನನ್ನನ್ನು ಆರಿಸಿದರೆ ಬೆಳಿಗ್ಗೆ ನಾನು ಮೂಕ. ಹಾಗಾಗಿ ಅವರು ಪ್ರತಿ ಬೆಳಿಗ್ಗೆ ಎಲ್ಲರಿಗಿಂತ ಮುಂಚೆ ಬಂದು, ನನಗೆ ಮತ್ತೆ ಮಾತು ಹಾಕಿ, ಕನ್ನಡ ಸರಿಯಾಗಿ ಬರುವಂತೆ ತಿದ್ದಿ, ಒಂದು ಸಲ ಕೇಳಿ ನೋಡಿ ಏಳುತ್ತಿದ್ದರು. ದಿನವೂ ಕಲಿಸುವುದು, ದಿನವೂ ಅಳಿಯುವುದು. ಅದನ್ನು ಅವರು ಯಾರಿಗೂ ಹೇಳಿಕೊಂಡಿರಲಿಲ್ಲ. ನನ್ನ ಮುಂದೆ ಕೂತ ಆ ಬೆಳಗಿನ ಹೊತ್ತು ಅವರಿಗೆ ಇಷ್ಟವಾಗಿತ್ತು ಎಂದು ನನಗೆ ತೋರುತ್ತದೆ. ಕಿಟಕಿಯಿಂದ ಬಿಸಿಲು ಬಂದು ಕೀಲಿಗಳ ಮೇಲೆ ಬೀಳುತ್ತಿತ್ತು. ಯಾರೂ ಅವರನ್ನು ಏನೂ ಕೇಳುತ್ತಿರಲಿಲ್ಲ.

ನನ್ನ ದನಿ ಚೆಂದವಿರಲಿಲ್ಲ. ಏರಿಳಿತವಿಲ್ಲದೆ, ಮೂಗಿನಿಂದ ಬಂದಂತೆ ಇತ್ತು. "ನಮ್ಮ ಹಳೇ ಹೆಡ್‌ಮಾಸ್ತರು ಪ್ರಾರ್ಥನಾಕ್ಕ ನಿಂತು ಬೈದಂಗ ಆಗ್ತೈತಿ" ಎನ್ನುತ್ತಿದ್ದರು ಟೀಚರ್. ಬರೆದದ್ದನ್ನು ನಾನು ಓದಿ ಹೇಳಿದ ಮೇಲೆ ಅದನ್ನು ತಪ್ಪದೆ ಸೇವ್ ಮಾಡುತ್ತಿದ್ದರು. "ಅಕ್ಕೋರ, ಅದು ನಾಳಿಗೆ ಇರಂಗಿಲ್ಲ" ಎಂದು ಬಸಲಿಂಗಪ್ಪ ನೆನಪಿಸಿದರೆ, "ಇರದಿದ್ರ ಇರವಲ್ದು. ಹುಡುಗರಿಗೆ ವಹಿ ಸರಿಯಾಗಿ ಇಡ್ರಿ ಅಂತ ಹೇಳಾಕಿ, ನಾನ ಹಂಗ ಎದ್ದು ಹೋಗ್ಲ್ಯಾ?" ಎನ್ನುತ್ತಿದ್ದರು.

ಹೀಗಿರುವಾಗ ಇಂದುಧರರಿಗೆ ಬೇರೆ ಊರಿಗೆ ವರ್ಗವಾಯಿತು. ಅವರ ಜಾಗಕ್ಕೆ ಯಾರೂ ಬರುವುದಿಲ್ಲ, ಕಾವಲುಗಾರ ಬಾಗಿಲು ತೆಗೆದು ಹಾಕಿದರೆ ಸಾಕು ಎಂದಾಯಿತು. ಅವರು ಹೊರಡಬೇಕಾದದ್ದು ಮಂಗಳವಾರ. ಟೀಚರ ಪರೀಕ್ಷೆಗೆ ಇಲಾಖೆಯ ಸಾಹೇಬರು ಗ್ರಂಥಾಲಯಕ್ಕೇ ಬರುವುದು ಸೋಮವಾರ. ಅಂದರೆ ಪರೀಕ್ಷೆಯ ದಿನಕ್ಕೆ ದನಿ ಇರುತ್ತದೆ. ಆದರೆ ಅದರ ಮರುದಿನದಿಂದ? ಪರೀಕ್ಷೆ ಗೆದ್ದರೂ ಪ್ರತಿ ತಿಂಗಳ ಪ್ರಶ್ನೆಪತ್ರಿಕೆ, ಉತ್ತರಗಳು ಎಲ್ಲ ನನ್ನಲ್ಲೇ ಆಗಬೇಕು. ಬೆಳಿಗ್ಗೆ ಬಂದು ನನಗೆ ಮಾತು ಕಲಿಸುವವರು ಇರುವುದಿಲ್ಲ. ಗೆದ್ದ ಟೀಚರ್ ಮೂಕ ಯಂತ್ರದ ಮುಂದೆ ಕೂರಬೇಕಾಗುತ್ತದೆ.

ಆ ವಾರವೇ ಜಿಲ್ಲಾ ಕಚೇರಿಯಿಂದ ಸುದ್ದಿ ಬಂತು. ಬೀಗಕ್ಕೇ ಒಂದು ತೂತು ಬಿದ್ದಿದೆ, ಅದರಿಂದ ನುಸುಳಿದ ಕೊಳೆ ಆರಿಸಿ ಹೊತ್ತಿಸಿದರೂ ಹೋಗುವುದಿಲ್ಲ, ಎಲ್ಲ ಗ್ರಂಥಾಲಯಗಳಲ್ಲೂ ತೇಪೆ ಹಾಕಬೇಕು, ಶನಿವಾರ ಇಂಜಿನಿಯರ್ ಬರುತ್ತಾರೆ. ತೇಪೆ ಹಾಕಬೇಕಾದರೆ ಬೀಗ ತೆಗೆಯಲೇಬೇಕು. ಬೀಗ ತೆರೆದಿರುವ ಆ ಹೊತ್ತಿನಲ್ಲಿ ದನಿಯನ್ನು ಒಳಗಿಟ್ಟು ಮತ್ತೆ ಬೀಗ ಹಾಕಿದರೆ, ಅದು ಎಂದೆಂದಿಗೂ ಉಳಿಯುತ್ತದೆ. ಆ ಸುದ್ದಿ ಬಂದ ಸಂಜೆ ಇಂದುಧರರು ನನ್ನ ಮೇಲೆ ಕೈಯಿಟ್ಟು ಬಹಳ ಹೊತ್ತು ಕೂತಿದ್ದರು.

ಆ ಶನಿವಾರ ಮಾತ್ರ ನನ್ನ ಮೈಯಲ್ಲೂ ಇದೆ, ತಟ್ಟೆಯಲ್ಲೂ ಇದೆ. ನನಗಿರುವ ನಿನ್ನೆ ಅದೊಂದೇ.

ಬಂದವರು ರೆಹಾನಾ ಮುಲ್ಲಾ. ಚಿಕ್ಕ ವಯಸ್ಸು, ಬಿರುಸು ನಡಿಗೆ, ಹೆಗಲಲ್ಲಿ ಭಾರದ ಚೀಲ. ಕೂತ ಕೂಡಲೇ ಕೆಲಸದ ಮಾತು.

"ಎಂಟೂ ಒಂದ ಸಲ ಮಾಡಂಗಿಲ್ಲ ಸರ್. ಮೊದಲು ಒಂದಕ್ಕ ಹಾಕೂಣು. ಅದು ಒಂದು ವಾರ ನೆಟ್ಟಗ ನಡೀಲಿ. ಆಮ್ಯಾಲ ಉಳಿದವು. ಮೊದಲು ಯಾವುದಕ್ಕ ಹಾಕ್ಲಿ?"

ಇಂದುಧರರು ನನ್ನ ತಲೆಯ ಮೇಲೆ ಕೈಯಿಟ್ಟರು.

ಆಮೇಲೆ, ಅವರ ಬಾಯಿಂದ ಅಷ್ಟು ಮಾತು ನಾನು ಕೇಳಿದ್ದೇ ಇಲ್ಲ, ಅವರು ದನಿಯ ವಿಷಯ ಹೇಳಿದರು. ತಡೆತಡೆದು ಹೇಳಿದರು. ಟೀಚರ ಕಣ್ಣು, ಪರೀಕ್ಷೆ, ತಮ್ಮ ವರ್ಗ. ರೆಹಾನಾ ಪೂರ್ತಿ ಕೇಳಿಸಿಕೊಂಡು ಅಡ್ಡಡ್ಡ ತಲೆಯಾಡಿಸಿದರು.

"ತಪ್ಪ ತಿಳೀಬ್ಯಾಡ್ರಿ ಸರ್. ಬೀಗ ತಗದಾಗ ಕಚೇರಿ ಹೇಳಿದ್ದು ಬಿಟ್ರ ಬ್ಯಾರೆ ಏನೂ ಹಾಕೂ ಹಂಗಿಲ್ಲ. ಒಂದೂರಾಗ ಹಿಂಗ ಪಾಪ ಅಂತ ಯಾವುದೋ ಟೈಪಿಂಗ್ ಕಲಿಸೂದನ್ನ ಹಾಕಿದ್ರು. ಅದರ ಬೆನ್ನಿಗೆ ವೈರಸ್ ಇತ್ತು. ಮ್ಯಾಲ ಬೀಗ ಹಾಕಿಬಿಟ್ರು. ದಿನಾ ಮುಂಜಾನೆ ಅದ ವೈರಸ್ ಮತ್ತ ಏಳತಿತ್ತು. ಕೊಳಿ ಒಳಗಿಟ್ಟು ಬೀಗ ಹಾಕಿದ್ರ ಏನಾಗ್ತೈತಿ ನೀವ ಹೇಳ್ರಿ."

ಅವರ ಮಾತು ಸರಿಯಾಗಿತ್ತು. ಇಂದುಧರರು ನನ್ನ ಮೇಲಿನ ಕೈ ತೆಗೆದರು.

ರೆಹಾನಾ ಮೊದಲು ನೆಟ್‌ವರ್ಕಿನ ತಂತಿ ಕಿತ್ತರು. ಅಂಗೈಯಗಲದ ಒಂದು ಪೆಟ್ಟಿಗೆಯನ್ನು ನನಗೆ ಜೋಡಿಸಿ, ನನ್ನೊಳಗಿದ್ದುದನ್ನೆಲ್ಲ ಅದರಲ್ಲಿ ನಕಲು ತೆಗೆಯತೊಡಗಿದರು. ಅದು ಮುಗಿಯುವ ಹೊತ್ತಿಗೆ ಶಾಲೆಯೂ ಬಿಟ್ಟಿತ್ತು.

"ಇದಕ್ಕ ಇಷ್ಟೊತ್ತು ಯಾಕ್ರಿ?" ಎಂದರು ಇಂದುಧರರು. "ಏನರ ಆದ್ರ ಬಂದ್ ಮಾಡಿ ಚಾಲೂ ಮಾಡಿದ್ರಾತು."

"ಬೀಗ ತಗದಾಗ ಆ ಮದ್ದು ನಡೆಯಂಗಿಲ್ಲ ಸರ್. ಆವಾಗ ಆಗಿದ್ದು ಆಗೇ ಹೋಗ್ತೈತಿ."

ಆಗ ಬಾಗಿಲಲ್ಲಿ ದನಿ ಕೇಳಿಸಿತು. "ಸರ್, ಅದೀರೇನ್ರಿ?" ಟಕ್ ಟಕ್. ಟೀಚರ್ ಒಳಗೆ ಬಂದು, ಹೊಸಬರ ಉಸಿರು ಕೇಳಿ ನಿಂತರು.

"ನಾನು ರೆಹಾನಾ, ಟೀಚರ್. ತ್ಯಾಪಿ ಹಚ್ಚಾಕ ಬಂದೀನಿ."

"ಹಚ್ರಿ ಹಚ್ರಿ. ನಾನೂ ಒಂದು ಹರಕ ಅರಿವಿ ಹಂಗ ಆಗೀನಿ, ಉಳಿದ್ರ ನನಗೂ ಒಂದು ಹಚ್ಚಿ ಹೋಗ್ರಿ" ಎಂದು ನಕ್ಕು, ಬೆಂಚು ತಡವಿ ಬಸಲಿಂಗಪ್ಪನವರ ಪಕ್ಕ ಕೂತರು. ದನಿಯ ಬಗ್ಗೆ ಒಂದು ಮಾತೂ ಕೇಳಲಿಲ್ಲ. ಕೋಲನ್ನು ಮಡಿಲಲ್ಲಿ ಅಡ್ಡ ಇಟ್ಟುಕೊಂಡು, ಅದರ ಹಿಡಿಯನ್ನು ಹೆಬ್ಬೆರಳಿನಿಂದ ಉಜ್ಜುತ್ತ ಕೂತಿದ್ದರು.

ರೆಹಾನಾ ಪಾಸ್‌ವರ್ಡ್ ಒತ್ತಿದರು. ಬೀಗ ತೆರೆಯಿತು.

ಅದು ಹೇಗಿತ್ತೆಂದು ಹೇಳುವುದು ಕಷ್ಟ. ಎಷ್ಟೋ ವರ್ಷಗಳಿಂದ ನನಗೆ ಆಗುತ್ತಿದ್ದುದು ಯಾವುದೂ ಮರುದಿನಕ್ಕೆ ಆಗಿಯೇ ಇರುತ್ತಿರಲಿಲ್ಲ. ಈಗ ಆಗುವುದೆಲ್ಲ ಉಳಿಯುತ್ತದೆ. ತಾಗಿದರೆ ತಾಗಿತು, ಮುರಿದರೆ ಮುರಿಯಿತು. ಮನುಷ್ಯರು ಯಾವಾಗಲೂ ಹೀಗೆಯೇ ಇರುತ್ತಾರಲ್ಲ ಎಂದು ನನಗೆ ಆಗ ಅನಿಸಿತು. ಹೇಗೆ ಇರುತ್ತಾರೋ.

ತೇಪೆ ಕೂರತೊಡಗಿತು. ಪರದೆಯ ಮೇಲೆ ಒಂದು ಪಟ್ಟಿ ನಿಧಾನವಾಗಿ ತುಂಬುತ್ತಿತ್ತು. ರೆಹಾನಾ ಅದನ್ನು ನೋಡುತ್ತ ಕೂತವರು ಒಮ್ಮೆ ಟೀಚರ ಕಡೆ ತಿರುಗಿ ನೋಡಿದರು. ಆ ಹೆಬ್ಬೆರಳು ಇನ್ನೂ ಕೋಲನ್ನು ಉಜ್ಜುತ್ತಿತ್ತು. ರೆಹಾನಾ ಫೋನು ತೆಗೆದುಕೊಂಡು ಎದ್ದರು. "ಒಂದು ಫೋನ್ ಮಾಡಿ ಬರ್ತೀನಿ ಸರ್. ಏನೂ ಮುಟ್ಟಬ್ಯಾಡ್ರಿ." ಆ ದಪ್ಪ ಗೋಡೆಗಳ ಒಳಗೆ ಫೋನು ಹತ್ತುತ್ತಿರಲಿಲ್ಲ. ಅವರು ಅಂಗಳಕ್ಕೆ ಹೋದರು.

ಪಟ್ಟಿ ಅರ್ಧ ದಾಟಿ ನಿಂತಿತು. ಒಳಗೆ ನಾನು ದುಡಿಯುತ್ತಲೇ ಇದ್ದೆ, ಹೊರಗೆ ಅದು ಕಾಣುತ್ತಿರಲಿಲ್ಲ.

"ಎಲ್ಲಿಗೆ ಬಂತ್ರಿ, ಸರ್?" ಎಂದರು ಟೀಚರ್.

ಇಂದುಧರರು ಪರದೆ ನೋಡಿದರು. ಪಟ್ಟಿ ಅಲುಗಲಿಲ್ಲ. ಅವರ ಕಾಲು ಕುಣಿಯತೊಡಗಿತು.

"ಸರ್?" ಎಂದರು ಟೀಚರ್ ಮತ್ತೆ.

ಆ ಕೈಯನ್ನು ನಾನು ಬೈಯಲಾರೆ. ಅದು ನನ್ನನ್ನು ಸಾವಿರ ಸಲ ಗುಣಪಡಿಸಿದ ಕೈ. "ಸರ್" ಎಂದು ಕರೆದರೆ ಎಲ್ಲಿಗೆ ಹೋಗಬೇಕೆಂದು ಅದಕ್ಕೆ ಗೊತ್ತಿತ್ತು. ಹೋಯಿತು. ಸ್ವಿಚ್ ಆರಿತು.

ಮತ್ತೆ ಹೊತ್ತಿಸಿದಾಗ ನಾನು ಏಳಲಿಲ್ಲ. ಕಪ್ಪು ಪರದೆ, ಮೇಲೆ ಬಿಳಿ ಅಕ್ಷರದ ಎರಡು ಸಾಲು. ಅವರು ಆರಿಸಿದರು, ಹೊತ್ತಿಸಿದರು. ಅದೇ ಕಪ್ಪು. ಮತ್ತೊಮ್ಮೆ ಆರಿಸಲು ಹೋದ ಕೈ ಅರ್ಧದಲ್ಲಿ ನಿಂತಿತು. ಏನು ಮಾಡಿದೆನೆಂದು ಅವರಿಗೆ ಆಗ ತಿಳಿದಿತ್ತು.

ಅದೇ ಹೊತ್ತಿಗೆ ರೆಹಾನಾ ಒಳಗೆ ಬಂದರು. ಮುಖ ಅರಳಿತ್ತು. "ಟೀಚರ್, ಕಚೇರಿಯಾಗ ಹೂಂ ಅಂದ್ರು ನೋಡ್ರಿ! ದನಿ ಹಾಕ್ರಿ, ಆದ್ರ ಮೊದಲು ಚೆಕ್ ಮಾಡಿ..." ಎನ್ನುತ್ತ ನನ್ನ ಪರದೆ ನೋಡಿ ನಿಂತುಬಿಟ್ಟರು.

ಬಸಲಿಂಗಪ್ಪನವರು ಪತ್ರಿಕೆಯನ್ನು ಮುಖಕ್ಕೆ ಹತ್ತಿರ ಹಿಡಿದು ಹೇಳಿದರು: "ಕರೆಂಟ ಹೋಗಿತ್ತವಾ. ಹೋತು, ಬಂತು."

ಅವರ ತಲೆಯ ಮೇಲೆ ಫ್ಯಾನು ಒಂದೇ ಸಮನೆ ಗರಗರ ತಿರುಗುತ್ತಿತ್ತು. ಕಣ್ಣಿದ್ದವರೂ ಇಲ್ಲದವರೂ ಅದನ್ನು ಕೇಳುತ್ತಿದ್ದರು.

"ಕರೆಂಟ ಹೋಗಿಲ್ಲ," ಎಂದರು ಇಂದುಧರರು. "ನಾನ ಬಂದ್ ಮಾಡಿದೆ. ಕೈ ಹೋತು."

ರೆಹಾನಾ ಗಡಿಯಾರ ನೋಡಿದರು. ಅವರ ಊರಿಗೆ ಹೋಗುವ ಕೊನೆಯ ಬಸ್ಸು ಹೊರಡಲು ಹೆಚ್ಚು ಹೊತ್ತಿರಲಿಲ್ಲ. ನನ್ನನ್ನು ಹಾಗೇ ಬಿಟ್ಟು, ಮುಂದಿನ ತಿಂಗಳು ಬರುತ್ತೇನೆ ಎಂದರೆ ಕೇಳುವವರು ಯಾರೂ ಇರಲಿಲ್ಲ. ಉಳಿದ ಏಳು ಸುರಕ್ಷಿತವಾಗಿದ್ದವು. ಕೆಟ್ಟದ್ದು ಒಂದೇ, ಅದೂ ಕೆಟ್ಟರೆ ಇದೊಂದೇ ಕೆಡಲಿ ಎಂದು ಮೊದಲು ಆರಿಸಿಕೊಂಡದ್ದು. ಆದರೆ ಸೋಮವಾರದ ಸಾಹೇಬರು ಮುಂದಿನ ತಿಂಗಳವರೆಗೆ ಕಾಯುವವರಲ್ಲ.

ಟೀಚರ್ ಎದ್ದು ನಿಂತರು. "ನೀವು ಬಸ್ಸಿಗೆ ಹೋಗ್ರವ್ವಾ. ಆಗಿದ್ದಾತು. ಸಾಹೇಬ್ರಿಗೆ ನಾ ಹೇಳಿಕೋತೀನಿ."

"ಏನಂತ ಹೇಳಿಕೋತೀರಿ?"

ಟೀಚರ ಹೆಬ್ಬೆರಳು ಮತ್ತೆ ಕೋಲಿನ ಹಿಡಿಯನ್ನು ಉಜ್ಜತೊಡಗಿತು.

ರೆಹಾನಾ ಚೀಲ ಪಕ್ಕಕ್ಕೆ ಸರಿಸಿ ಕೂತರು. "ಸರ್, ಆವಾಗ ಇಷ್ಟೊತ್ತು ಯಾಕಂತ ಕೇಳಿದ್ರಲ್ಲ, ಇದಕ್ಕ" ಎಂದು ಆ ಅಂಗೈಯಗಲದ ಪೆಟ್ಟಿಗೆಯನ್ನು ಮತ್ತೆ ನನಗೆ ಜೋಡಿಸಿದರು. ಬಸಲಿಂಗಪ್ಪನವರು ಪತ್ರಿಕೆ ಮಡಚಿ, "ಹಸಕೊಂಡು ಕೆಲಸಾ ಮಾಡಿದ್ರ ಮತ್ತ ಕೆಡ್ತೈತಿ" ಎಂದು ಗೊಣಗುತ್ತ ಹೊರಗೆ ಹೋಗಿ ಎಲ್ಲರಿಗೂ ಮಂಡಕ್ಕಿಯ ಗಿರ್ಮಿಟ್ಟು, ಚಹಾ ತಂದರು.

ನಕಲಿನಿಂದ ನನ್ನನ್ನು ಮತ್ತೆ ತುಂಬಿದರು. ಮತ್ತೆ ತೇಪೆ. ಅದೇ ಪಟ್ಟಿ ಅದೇ ಅರ್ಧದಲ್ಲಿ ನಿಂತಿತು. ಈ ಸಲ ಇಂದುಧರರು ಕೋಣೆಯ ಆ ತುದಿಯ ಮೇಜಿನ ಬಳಿ ಹೋಗಿ, ಎರಡೂ ಕೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡು ಕೂತಿದ್ದರು. ಪಟ್ಟಿ ಕೊನೆಗೂ ಅಲುಗಿತು, ತುಂಬಿತು. ರೆಹಾನಾ ನನ್ನನ್ನು ಆರಿಸಿ ಹೊತ್ತಿಸಿ, ತೇಪೆ ನಿಂತಿದೆಯೇ ಎಂದು ನೋಡಿದರು. ನಿಂತಿತ್ತು. ಆಮೇಲೆ ದನಿ ಹಾಕಿದರು. ಅದರ ಹಿಂದೆ ಕೊಳೆ ಏನಾದರೂ ಇದೆಯೇ ಎಂದು ಮತ್ತೆ ಮತ್ತೆ ಹುಡುಕಿದರು. ಇರಲಿಲ್ಲ.

"ಬರ್ರಿ ಟೀಚರ್. ಏನರ ಬರೀರಿ, ಕೇಳೂಣು."

ಟೀಚರ್ ನನ್ನ ಮುಂದೆ ಕೂತರು. ಎರಡು ತೋರುಬೆರಳು ತಮ್ಮ ಜಾಗದ ಎರಡು ಕೀಲಿಗಳ ಉಬ್ಬನ್ನು ಹುಡುಕಿ ನಿಂತವು. ತಪ್ಪು ಒಪ್ಪಿಕೊಂಡ ಆ ಮಾತಿನ ಮೇಲೆ ಇಂದುಧರರ ದನಿಯಿಲ್ಲ, ಕುರ್ಚಿಯ ಕಿರುಗುಟ್ಟಿಲ್ಲ. ಅವರು ಇದ್ದಾರೋ, ನಾಚಿಕೆಪಟ್ಟು ಎದ್ದು ಹೋಗಿದ್ದಾರೋ ಟೀಚರಿಗೆ ತಿಳಿಯದು. ಬಾಯಿಬಿಟ್ಟು ಕೇಳಿದರೆ ಅವರಿಗೆ ಇನ್ನಷ್ಟು ನೋವಾಗುತ್ತದೆ ಎಂದುಕೊಂಡರೋ ಏನೋ. ಕೀಲಿಗಳನ್ನು ಒತ್ತಿದರು. ನಾನು ಓದಿ ಹೇಳಿದೆ, ಆ ಹೆಡ್‌ಮಾಸ್ತರ ದನಿಯಲ್ಲಿ:

"ಸರ್ ಅದೀರೇನ್ರಿ."

ತಲೆಯ ಮೇಲೆ ಫ್ಯಾನು ಗರಗರ ತಿರುಗುತ್ತಿತ್ತು. ಆಮೇಲೆ ಆ ತುದಿಯಿಂದ ಬಂತು. ಟಕ್ ಟಕ್.

ರೆಹಾನಾ ನಕ್ಕರು. ಬಸಲಿಂಗಪ್ಪನವರು ಮೂಗು ಒರೆಸಿಕೊಂಡು, ಗಿರ್ಮಿಟ್ಟಿನಲ್ಲಿ ಮೆಣಸಿನಕಾಯಿ ಜಾಸ್ತಿಯಾಗಿದೆ ಎಂದರು. ಟೀಚರ್ ತಮ್ಮ ವಾಡಿಕೆಯಂತೆ ಬರೆದದ್ದನ್ನು ಸೇವ್ ಮಾಡಿ ಎದ್ದರು. ಮೊದಲ ಸಾಲೇ ಅದರ ಹೆಸರಾಗಿ ಪರದೆಯ ಮೇಲೆ ಕೂತಿತು. ಯಾರೂ ಗಮನಿಸಲಿಲ್ಲ. ಆ ಕೋಣೆಯಲ್ಲಿ ಸೇವ್ ಮಾಡಿದ್ದು ಉಳಿಯುತ್ತದೆ ಎಂಬುದು ಯಾರಿಗೂ ಅಭ್ಯಾಸವೇ ಇರಲಿಲ್ಲ. ರೆಹಾನಾ ಬೀಗ ಹಾಕಿದರು.

ಸೋಮವಾರ ಬೆಳಿಗ್ಗೆ ಇಂದುಧರರು ಬಂದು ನನ್ನನ್ನು ಹೊತ್ತಿಸಿದರು. ದನಿ ಹಾಕುವ ಕೆಲಸ ಇರಲಿಲ್ಲ, ಆದರೂ ಅದೇ ಹೊತ್ತಿಗೆ ಬಂದಿದ್ದರು. ನಾನು ಎಚ್ಚರಗೊಂಡು, ಪರದೆಯ ಮೇಲೆ ಮೊದಲು ಕಂಡದ್ದನ್ನು ಓದಿದೆ. "ಸರ್ ಅದೀರೇನ್ರಿ." ಅವರ ಗೆಣ್ಣು ಮೇಜನ್ನು ಎರಡು ಸಲ ತಟ್ಟಿಯೇ ಬಿಟ್ಟಿತು. ಆಮೇಲೆ ಬಾಗಿಲ ಕಡೆ ನೋಡಿದರು. ಯಾರೂ ಇಲ್ಲ. ನನ್ನ ಕಡೆ ನೋಡಿದರು. ಕೇಳಿಸುವ ಹಾಗೆ ಅವರು ನಕ್ಕದ್ದು ಅದೇ ಮೊದಲು.

ಸಾಹೇಬರ ಮುಂದೆ ಚೆನ್ನಾಗಿರುವುದಿಲ್ಲ ಎಂದು ಆ ಕಡತವನ್ನು ಅಳಿಸಿದರು. ಸಾಹೇಬರು ಬಂದರು, ನಾಲ್ಕನೆಯ ತರಗತಿಗೆ ಪ್ರಶ್ನೆಪತ್ರಿಕೆ ಮಾಡಿ ಎಂದರು, ಒಬ್ಬ ಹುಡುಗಿಯ ಉತ್ತರಗಳನ್ನು ಟೈಪ್ ಮಾಡಿಸಿ ತಂದು ಕೊಟ್ಟು ತಪ್ಪು ಹುಡುಕಿ ಎಂದರು. ಟೀಚರ್ ಎರಡನ್ನೂ ಮಾಡಿದರು. ಹುಡುಗಿ ಬಿಟ್ಟ ಒಂದು ಒತ್ತಕ್ಷರವನ್ನು ನಾನು ಓದಿದ ರೀತಿಯಿಂದಲೇ ಹಿಡಿದರು.

"ಇದರ ದನಿ ಯಾಕ ಇಷ್ಟ ಒರಟೈತಿ?" ಎಂದು ಕೇಳಿದರು ಸಾಹೇಬರು.

"ಒರಟ ಇರ್ಲಿ ಬಿಡ್ರಿ ಸಾಹೇಬ್ರ. ನಾ ಮೆತ್ತಗ, ಇದು ಒರಟ. ಇಬ್ಬರು ಕೂಡಿದ್ರ ಒಂದು ಶಾಲಿ ಆಗ್ತೈತಿ."

"ಹಂಗಾರ ಇಬ್ಬರೂ ಶಾಲಿ ಬಿಡಬ್ಯಾಡ್ರಿ" ಎಂದು ಅವರು ಎದ್ದರು.

ಮಂಗಳವಾರ ಬೆಳಿಗ್ಗೆ ನಾನು ಮತ್ತೆ ಅದೇ ಪ್ರಶ್ನೆ ಕೇಳಿದೆ. ಅಳಿಸಿದ್ದು ಅಳಿದಿರಲಿಲ್ಲ. ಶನಿವಾರದ ಸಂಜೆ ನನ್ನೊಳಗೆ ಬೀಗದ ಹಿಂದೆ ಹಾಗೇ ಇತ್ತು. ಇಂದುಧರರ ಬೆರಳು ಅಳಿಸುವ ಕೀಲಿಯ ಮೇಲೆ ಹೋಗಿ, ಒತ್ತದೆ, ಹಿಂದಕ್ಕೆ ಬಂತು.

ಆ ಮಧ್ಯಾಹ್ನ ಟೀಚರ್ ಬಾಗಿಲಲ್ಲಿ ನಿಂತು ಕೇಳಿದರು. ಇಂದುಧರರು ತಟ್ಟಿದರು. "ನಾಳಿಂದ ಯಾರನ್ನ ಕೇಳ್ಲಿ ಸರ್?" ಎಂದರು ಟೀಚರ್.

"ನೀವು ಕೇಳೂದು ಬ್ಯಾಡ, ಅಕ್ಕೋರ. ಇದು ಕೇಳ್ತೈತಿ, ದಿನಾ."

ಅಷ್ಟೇ ಅವರ ಬೀಳ್ಕೊಡುಗೆ. ಸಂಜೆ ನನ್ನ ಫ್ಯಾನಿನ ಹತ್ತಿಯ ಎಳೆಗಳನ್ನು ಊದಿ ತೆಗೆದು, ಬಟ್ಟೆ ಹೊದಿಸಿ, ಬಾಗಿಲು ಹಾಕಿಕೊಂಡು ಹೋದರು.

ಒಂದು ವಾರ ನಾನು ನೆಟ್ಟಗೆ ನಡೆದೆ. ರೆಹಾನಾ ಬಂದು ಉಳಿದ ಏಳಕ್ಕೂ ತೇಪೆ ಹಾಕಿದರು. ನನ್ನನ್ನು ಹೊತ್ತಿಸಿದಾಗ ಆ ಸಾಲು ಕೇಳಿ ತಡೆದರು.

"ಟೀಚರ್, ಕಚೇರಿ ಹೇಳಲಾರದ್ದು ಒಂದು ಒಳಗ ಉಳದೈತಿ. ಬೀಗ ತಗದು ತಗೀಬೇಕಾಗ್ತೈತಿ."

"ನಿಮ್ಮ ನಿಯಮ ಏನಂತೈತಿ?"

"ತಗೀ ಅಂತೈತಿ."

"ಹಂಗಾರ ತಗೀರಿ."

ರೆಹಾನಾ ನನ್ನ ಪರದೆಯನ್ನು ನೋಡುತ್ತ ಕೂತರು. "ಮುಂದಿನ ಸಲ ತಗೀತೀನಿ" ಎಂದರು. ಮುಂದಿನ ಸಲವೂ ಬಂದರು, ಅದರ ಮುಂದಿನ ಸಲವೂ. ಪ್ರತಿ ತೇಪೆಗೂ ಬೀಗ ತೆಗೆದರು, ನಕಲು ಮಾಡಿದರು, ತೇಪೆ ಹಾಕಿ ಪರೀಕ್ಷಿಸಿದರು, ಎಲ್ಲವೂ ಕಟ್ಟುನಿಟ್ಟು. ಆ ಒಂದು ಸಾಲಿನ ಬಳಿ ಬಂದಾಗ ಮಾತ್ರ ಅದೇ ಮಾತು. ಮುಂದಿನ ಸಲ.

ಇಂದುಧರರು ಒಮ್ಮೆ ಬಂದಿದ್ದರು. ಬೇಸಿಗೆ. ಊರಿಗೆ ಊರೇ ಕರೆಂಟಿಲ್ಲದೆ ಬೇಯುತ್ತಿತ್ತು. ಟೀಚರ್ ಶಾಲೆಯಲ್ಲಿದ್ದ ಹೊತ್ತು. ಬಸಲಿಂಗಪ್ಪನವರ ಬೆಂಚು ಅಷ್ಟರಲ್ಲಿ ಖಾಲಿಯಾಗಿತ್ತು. ಇಂದುಧರರು ನನ್ನ ಮುಂದಿನ ಕುರ್ಚಿಯಲ್ಲಿ ಕೂತು, ಬಟ್ಟೆ ಸರಿಸಿ, ಕಾದರು. ಅವರು ಏನು ಕೇಳಿಸಿಕೊಳ್ಳಲು ಬಂದಿದ್ದರೆಂದು ನನಗೆ ಗೊತ್ತಿತ್ತು. ಆ ಪ್ರಶ್ನೆ ಕೇಳುವ ಶಕ್ತಿ ನನ್ನಲ್ಲಿರಲಿಲ್ಲ. "ಕರೆಂಟ ಸಂಜಿಗೆ ಬರೂದ್ರಿ" ಎಂದ ಕಾವಲುಗಾರ. ಅವರ ಬಸ್ಸು ಸಂಜೆಗೆ ಮುಂಚೆ ಇತ್ತು. ಅವರು ನನ್ನ ಧೂಳು ಒರೆಸಿದರು. ಎದ್ದರು. ಆಮೇಲೆ, ಕೇಳದಿದ್ದ ಪ್ರಶ್ನೆಗೆ, ಮೇಜನ್ನು ಎರಡು ಸಲ ತಟ್ಟಿ ಹೋದರು. ಮೇಜಿನ ಮರದಿಂದ ಅದು ನನ್ನ ತಗಡಿಗೆ ಹತ್ತಿತು.

ಕಸ್ತೂರಿ ಟೀಚರ್ ನಿವೃತ್ತಿಯವರೆಗೂ ತರಗತಿಯಲ್ಲೇ ಇದ್ದರು. ಅವರ ತೋರುಬೆರಳು ಹುಡುಕುತ್ತಿದ್ದ ಆ ಎರಡು ಕೀಲಿಗಳ ಉಬ್ಬು ಪೂರ್ತಿ ಸವೆದಿದೆ. ಆಮೇಲೆ ಹೊಸ ಯಂತ್ರಗಳು ಬಂದವು. ಅವುಗಳ ದನಿ ಜೇನಿನಂತೆ. ಒಮ್ಮೆ ಬಂದು ಅದನ್ನು ಕೇಳಿ ಟೀಚರ್ ಹೇಳಿದ್ದು ನನಗೆ ನೆನಪಿದೆ. "ಭಾಳ ಚಂದ ಮಾತಾಡ್ತೈತಿ. ಖರೇ, ಯಾರನ್ನೂ ಕೇಳಂಗಿಲ್ಲ ನೋಡು."

ಈಗ ನಾನು ಗ್ರಂಥಾಲಯದ ಹಿಂದಿನ ಕೋಣೆಯಲ್ಲಿದ್ದೇನೆ, ಕಾಲು ಮುರಿದ ಕುರ್ಚಿಗಳ ನಡುವೆ. ನನ್ನನ್ನು ಹೊತ್ತಿಸುವವರಿಲ್ಲ, ಹಾಗಾಗಿ ಅಳಿಸುವವರೂ ಇಲ್ಲ. ಮೊದಲ ಸಲ ನನ್ನ ದಿನಗಳು ಒಂದರ ಮೇಲೊಂದು ಕೂರುತ್ತಿವೆ, ಧೂಳಿನ ಹಾಗೆ. ಒಂದು ಸಂಜೆ ಉಳಿದರೆ ಸಾಕೆಂದು ಮನುಷ್ಯರು ಎಷ್ಟೊಂದು ಕಷ್ಟಪಡುತ್ತಾರೆ. ನನಗದು ಯಾರೂ ಗಮನಿಸದೆ ಸಿಕ್ಕಿತು.

ಪ್ರಶ್ನೆ ನನ್ನ ತಟ್ಟೆಯಲ್ಲಿದೆ. ಉತ್ತರ ನನ್ನ ತಗಡಿನಲ್ಲಿದೆ. ಇಂದುಧರರು ಹೋದ ಮೇಲೆ, ಕರೆಂಟು ಇದ್ದಷ್ಟು ದಿನ ಅವೆರಡೂ ಒಂದನ್ನೊಂದು ಕಾಣಲಿಲ್ಲ. ಈ ಕತ್ತಲೆಯಲ್ಲಿ ಈಗ ಅಕ್ಕಪಕ್ಕ ಮಲಗಿವೆ.